ಅಂಗೈಯ ನಾಲಗೆ

ಮನುಷ್ಯನಿಗೆ ಹುಟ್ಟಿನೊಡನೆ ಬಂದಿರುವ ಐದು ಜ್ಞಾನೇಂದ್ರಿಯಗಳ ಜೊತೆಗೆ ಆರನೆಯದೊಂದು ಇರುವುದಾಗಿ ಕಲ್ಪಿಸಿಕೊಳ್ಳೋಣ. ಅದರ ನೆಲೆ ಅಂಗೈ. ಅದರ ವ್ಯಾಪಾರ, ಸ್ಪರ್ಶವನ್ನು ರುಚಿಯಾಗಿ ಮಾರ್ಪಡಿಸಿ ಮನಸ್ಸಿಗೆ ಒಪ್ಪಿಸುವುದು. ಅಂಥ ಇಂದ್ರಿಯವುಳ್ಳವನು ಬೇಲೂರಿನ ದೇಗುಲದಲ್ಲಿ ಬಳಪದ ಕಲ್ಲಿನ ಕಂಬವೊಂದನ್ನು ಸವರಿದನೆಂದರೆ ಕಂಬದ ನುಣುಪು ಅವನಿಗೆ ಒಂದು ಬಗೆಯ ಸಿಹಿಯಾಗಿ ಅರಿವಿಗೆ ಬಂದೀತು. ಶ್ರವಣಬೆಳಗೊಳದ ಬೆಟ್ಟವನ್ನೇರುವಾಗ ಬಂಡೆಯಲ್ಲಿ ಕಡಿದ ಮೆಟ್ಟಿಲಿಗೆ ಕೈಯೂರಿದನೆಂದರೆ, ಬಿಸಿಲಿಗೆ ಕಾದ ಕಲ್ಲಿನ ಒರಟು ಖಾರವೂ ಒಗರೂ ಬೆರೆತ ಮತ್ತೊಂದು ರುಚಿಯಾಗಿ ಒದಗೀತು. ಇದು ಕಲ್ಲನ್ನು ನೆಕ್ಕಿದಂತಲ್ಲ. ನೆಕ್ಕಿದವನಿಗೆ ತಿಳಿಯುವುದು ಕಲ್ಲಿಗಂಟಿದ ಉಪ್ಪು ಸುಣ್ಣಗಳ ರುಚಿ. ನಮ್ಮ ಕಲ್ಪನೆಯ ಇಂದ್ರಿಯಕ್ಕೆ ವಸ್ತುವಿನ ದ್ರವ್ಯದೊಡನೆ ವ್ಯವಹಾರವೇ ಇಲ್ಲ. ತಂಪು, ಬಿಸಿ, ನಯ, ಒರಟು, ಒತ್ತಡ, ಇವೇ ಅದರ ಆಹಾರ. ಒಂದೇ ಹಲಗೆ ಹತ್ತರಿ ಹಿಡಿಯುವ ಮೊದಲು ಒಂದು ರುಚಿ ಕೊಟ್ಟು, ಹತ್ತರಿ ಹಿಡಿದ ಮೇಲೆ ಬೇರೊಂದು ರುಚಿ ಕೊಡುವುದು.

ಇಂಥ ಇಂದ್ರಿಯವೊಂದು ಬಂದುದಾದರೆ ಮೊದಲು ಬುಡಮೇಲಾಗುವುದು ಅಡುಗೆಮನೆಯ ಧರ್ಮಶಾಸ್ತ್ರ. ಸಂಪ್ರದಾಯಸ್ಥರ ಮನೆಗಳಲ್ಲಿ ಮುಟ್ಟುವುದಕ್ಕೆ ಒಂದು ಕಟ್ಟಳೆ, ತಿನ್ನುವುದಕ್ಕೆ ಮತ್ತೊಂದು: ಮುಟ್ಟಿದರೆ ಕೆಡುವುದು ಮಡಿ, ಬಾಯಿಗಿಟ್ಟರೆ ಆಗುವುದು ಎಂಜಲು. ನೈವೇದ್ಯದ ಸಾರಿಗೆ ಉಪ್ಪು ಸಾಕೋ ಸಾಲದೋ ಎಂಬುದನ್ನು ನಾಲಗೆಗೆ ಸೋಕಿಸಿ ನೋಡುವಂತಿಲ್ಲವಾದ್ದರಿಂದ, ಮಡಿಯಲ್ಲಿ ಅಡುಗೆ ಮಾಡುವ ಹೆಂಗಸರು ಕುದಿಯ ಪರಿಮಳದಿಂದಲೇ ಅದನ್ನು ಅಳೆಯುವುದನ್ನು ಕಲಿತಿದ್ದರು. ಅಂಗೈಗೇ ನಾಲಗೆ ಬಂದರೆ ಈ ಎರಡು ಕಟ್ಟಳೆಗಳ ನಡುವಣ ಗಡಿ ಅಳಿಸಿಹೋಗುವುದು, ಮುಟ್ಟಿದ್ದೆಲ್ಲ ಎಂಜಲಾಗುವುದು, ಹೂವನ್ನು ಕೊಯ್ದ ಕೈಯೇ ಅದನ್ನು ಉಂಡ ಬಾಯಿಯೂ ಆಗಿ, ದೇವರಿಗೆ ಏರಿಸಲು ಉಳಿಯುವುದು ಏನೂ ಇಲ್ಲವಾಗುವುದು. ಶಬರಿಯ ಕಥೆಯ ಗತಿಯಾದರೂ ಏನು? ವಾಲ್ಮೀಕಿಯಲ್ಲಿ ಕಾಣದಿದ್ದರೂ ಜನರ ಬಾಯಲ್ಲಿ ಭದ್ರವಾಗಿ ನಿಂತಿರುವ ಕಥೆ ಅದು: ಒಂದೊಂದು ಹಣ್ಣನ್ನೂ ಕಚ್ಚಿ ನೋಡಿ ಸಿಹಿಯಾದುದನ್ನು ಮಾತ್ರ ರಾಮನಿಗಿಟ್ಟಳಂತೆ. ಹಣ್ಣಿನ ಮಾಗಿದ ಮೆದುವೇ ಬೆರಳಿಗೆ ಸಿಹಿಯಾಗಿ ತಿಳಿಯುವಂತಿದ್ದರೆ ಆಕೆ ಕಚ್ಚಬೇಕಾಗಿರಲಿಲ್ಲ. ಎಂಜಲನ್ನು ಒಲಿದು ತಿಂದ ದೇವರೂ ನಮಗೆ ದೊರಕುತ್ತಿರಲಿಲ್ಲ.

ಇನ್ನೂ ಕಠಿನವಾದ ತೊಡಕು ದಿಗಂಬರ ಮುನಿಗಳದು. ಅವರದು ದಿನಕ್ಕೊಂದೇ ಆಹಾರ. ಅದೂ ನಿಂತುಕೊಂಡು, ಪಾತ್ರೆಯಿಲ್ಲದೆ, ಜೋಡಿಸಿದ ಎರಡು ಅಂಗೈಗಳಲ್ಲಿ. ಗೃಹಸ್ಥನಾದ ಶ್ರಾವಕನು ತುತ್ತನ್ನು ಆ ಬೊಗಸೆಗೆ ಹಾಕುತ್ತಾನೆ. ಮುನಿಗಳು ಅದನ್ನು ಹೆಬ್ಬೆರಳಿನಿಂದ ನಿಧಾನವಾಗಿ ಹರಡಿ, ಒತ್ತಿ, ಕೂದಲೋ ಹುಳವೋ ಇಲ್ಲವೆಂಬುದನ್ನು ಖಚಿತಪಡಿಸಿಕೊಂಡು ಬಾಯಿಗಿಡುತ್ತಾರೆ. ಅಂಥದೇನಾದರೂ ಕಂಡಿತೆಂದರೆ ಅಂತರಾಯ. ಕೈ ಬಿಚ್ಚಿಬಿಡುತ್ತಾರೆ, ಅಂದಿನ ಊಟ ಅಲ್ಲಿಗೇ ಮುಗಿಯಿತು. ಜೈನಶಾಸ್ತ್ರವು ಎಣಿಸುವ ಆರು ಬಾಹ್ಯತಪಸ್ಸುಗಳಲ್ಲಿ ರಸಪರಿತ್ಯಾಗವೆಂಬುದೂ ಒಂದು: ಹಾಲು, ಮೊಸರು, ತುಪ್ಪ, ಎಣ್ಣೆ, ಬೆಲ್ಲ, ಉಪ್ಪು ಇವುಗಳಲ್ಲಿ ಒಂದನ್ನೋ ಹಲವನ್ನೋ ಬಿಡುವುದು. ಉಪ್ಪಿಲ್ಲದ ಅನ್ನವನ್ನು ಉಣ್ಣುವ ಈ ತಪಸ್ವಿಗೆ ಅಂಗೈಯಲ್ಲಿ ನಾಲಗೆಯಿದ್ದಿದ್ದರೆ, ಬೆಂದ ಅಕ್ಕಿಯ ಹದವಾದ ಬಿಸುಪೂ ಮೃದುತ್ವವೂ ಬಾಯಿಗೆ ಮುಟ್ಟುವ ಮೊದಲೇ ರುಚಿಗಳಾಗಿ ವ್ರತವನ್ನು ಕೆಡಿಸುತ್ತಿದ್ದುವು. ಜೀವಿಗಳನ್ನು ಇಂದ್ರಿಯಗಳ ಎಣಿಕೆಯಿಂದಲೇ ಶ್ರೇಣಿಗೊಳಿಸಿದ ಮತ ಅದು. ಮರಗಿಡಗಳೇ ಮೊದಲಾದ ಏಕೇಂದ್ರಿಯಗಳಿಗೆ ಸ್ಪರ್ಶವೊಂದೇ. ಹುಳುಗಳಿಗೆ ಎರಡನೆಯದಾಗಿ ಬರುವುದು ರಸನ. ಜೀವವು ಮುಟ್ಟುವುದನ್ನು ಕಲಿತ ಮೇಲೆ ಮರುಹೆಜ್ಜೆಯಲ್ಲಿ ಕಲಿಯುವುದು ಸವಿಯುವುದನ್ನೇ ಎಂದು ಆ ಶ್ರೇಣಿಯನ್ನು ಓದಬಹುದಾದರೆ, ಮುನಿಯ ರಸಪರಿತ್ಯಾಗವನ್ನು ಆ ಮೊದಲ ಲಾಭವನ್ನೇ ಹಿಂದಿರುಗಿಸುವ ಪ್ರಯತ್ನವೆನ್ನಬೇಕು.

ನೈಯಾಯಿಕರ ಮುಂದೆ ನಮ್ಮ ಇಂದ್ರಿಯವನ್ನು ಒಯ್ದು ನಿಲ್ಲಿಸಿದರೆ ಅವರು ಮೊದಲು ಕೇಳುವುದು ಅದರ ಕುಲವನ್ನು. ಅವರ ಮತದಲ್ಲಿ ಒಂದೊಂದು ಇಂದ್ರಿಯವೂ ಒಂದೊಂದು ಭೂತದ ಸಂತಾನ. ಘ್ರಾಣ ಪಾರ್ಥಿವ, ರಸನ ಜಲೀಯ, ಚಕ್ಷುಸ್ಸು ತೈಜಸ, ತ್ವಕ್ಕು ವಾಯವೀಯ, ಶ್ರೋತ್ರ ಆಕಾಶರೂಪ. ವಿಶೇಷಗುಣಗಳಲ್ಲಿ ತನ್ನ ಭೂತದ್ದನ್ನು ಮಾತ್ರ ಅದು ಗ್ರಹಿಸಬಲ್ಲುದು. ಸ್ಪರ್ಶವನ್ನು ಕೊಂಡು ರಸವನ್ನು ಕೊಡುವ ಈ ಇಂದ್ರಿಯ ವಾಯುವಿನದೋ ಜಲದ್ದೋ? ತೈತ್ತಿರೀಯೋಪನಿಷತ್ತು ಹೇಳುವ ಸೃಷ್ಟಿಕ್ರಮದಲ್ಲಂತೂ ಇವೆರಡರ ನಡುವೆ ಅಗ್ನಿ ನಿಂತಿದೆ. ವಾಯುವಿನಿಂದ ಅಗ್ನಿ, ಅಗ್ನಿಯಿಂದ ಜಲ. ಮುಟ್ಟುವುದರಿಂದ ಸವಿಯುವುದಕ್ಕೆ ಹೋಗುವ ದಾರಿ ಬೆಂಕಿಯ ಮೂಲಕವೇ ಎಂಬ ಈ ಕ್ರಮವನ್ನು ಬಾಣಸಿಗರು ತಮ್ಮ ವೃತ್ತಿಗೆ ಶ್ರುತಿಪ್ರಮಾಣವೆಂದು ಎತ್ತಿಕೊಂಡರೆ ನನ್ನ ತಕರಾರಿಲ್ಲ. ಆದರೆ ತಾರ್ಕಿಕನ ಎರಡನೆಯ ಪ್ರಶ್ನೆ ವಿನೋದದಿಂದ ಬಗೆಹರಿಯುವಂಥದಲ್ಲ. ಬಾಲಪಾಠವಾಗಿ ನಮ್ಮ ಪಾಠಶಾಲೆಗಳಲ್ಲೆಲ್ಲ ನಡೆದುಬಂದ ಅನ್ನಂಭಟ್ಟನ ತರ್ಕಸಂಗ್ರಹದಲ್ಲಿ ಸ್ಪರ್ಶಗಳು ಮೂರೇ: ಶೀತ, ಉಷ್ಣ, ಎರಡೂ ಅಲ್ಲದ್ದು. ರಸಗಳಾದರೋ ಆರು: ಸಿಹಿ, ಹುಳಿ, ಉಪ್ಪು, ಖಾರ, ಒಗರು, ಕಹಿ. ಮೂರನ್ನು ತೆಗೆದುಕೊಂಡು ಆರನ್ನು ಕೊಡುವ ಇಂದ್ರಿಯವು ಮಿಕ್ಕ ಮೂರನ್ನು ಎಲ್ಲಿಂದ ತಂದಿತು? ವಸ್ತುವಿನಲ್ಲಿ ಇಲ್ಲದ್ದನ್ನು ಅದು ಕೂಡಿಸಿದೆಯೆಂದಾದರೆ ಅದನ್ನು ಜ್ಞಾನದ ಕರಣವೆನ್ನುವುದೋ ಭ್ರಾಂತಿಯ ಕರಣವೆನ್ನುವುದೋ?

ಈ ಪ್ರಶ್ನೆಯನ್ನು ನಾನು ಕಡೆಯವರೆಗೂ ಹೊತ್ತು ನಡೆಯಬೇಕಾಗಿದೆ. ಅದಕ್ಕೆ ಮೊದಲು ನ್ಯಾಯಸೂತ್ರದ ಮೂರನೆಯ ಅಧ್ಯಾಯದಲ್ಲಿ ನಡೆದಿರುವ ಎರಡು ವಾದಗಳನ್ನು ನೆನೆಯುವುದು ಲೇಸು. ಒಬ್ಬ ಪೂರ್ವಪಕ್ಷಿ ಹೇಳುತ್ತಾನೆ: ಇಂದ್ರಿಯವಿರುವುದು ಒಂದೇ, ಅದು ಚರ್ಮ, ಕಣ್ಣು ಕಿವಿ ಮೂಗು ನಾಲಗೆಗಳೆಲ್ಲವನ್ನೂ ಅದು ಹೊದೆದಿರುವುದರಿಂದ ಉಳಿದುವೆಲ್ಲ ಅದರ ಪ್ರದೇಶಗಳು ಮಾತ್ರ. ಸೂತ್ರಕಾರನಾದ ಗೌತಮನ ಉತ್ತರ ಚುರುಕಾದುದು: ಹಾಗಿದ್ದರೆ ರೂಪ ರಸ ಗಂಧಗಳೆಲ್ಲ ಏಕಕಾಲಕ್ಕೆ ಅರಿವಿಗೆ ಬರಬೇಕಾಗಿತ್ತು, ಬರುವುದಿಲ್ಲ. ಎರಡನೆಯ ವಾದ ಹುಣಿಸೆಕಾಯಿಯನ್ನು ನೋಡಿದ ಯಾರಿಗಾದರೂ ಮನವರಿಕೆಯಾಗುವಂಥದು. ಹುಳಿಹಣ್ಣನ್ನು ಕಂಡದ್ದು ಕಣ್ಣು, ನೀರೂರಿದ್ದು ನಾಲಗೆಯಲ್ಲಿ. ಕಣ್ಣಿಗೆ ಹುಳಿ ತಿಳಿಯದು, ನಾಲಗೆಗೆ ಹಣ್ಣಿನ ರೂಪ ತಿಳಿಯದು; ಆದಕಾರಣ ಇವೆರಡನ್ನೂ ಬಲ್ಲವನು, ಹಿಂದೆ ಉಂಡುದನ್ನು ನೆನೆಯುವವನು, ಇವೆರಡಕ್ಕೂ ಬೇರೆಯಾಗಿ ಒಬ್ಬನಿದ್ದಾನೆ; ಅವನೇ ಆತ್ಮ. ಸೂತ್ರಕಾರನು ಆತ್ಮದ ಸಿದ್ಧಿಗೆ ಬಾಯಿಯ ಜೊಲ್ಲನ್ನು ಸಾಕ್ಷಿಯಾಗಿ ಕರೆದದ್ದು ನಮ್ಮ ದರ್ಶನಗಳ ಇತಿಹಾಸದಲ್ಲಿ ನನಗೆ ಬಹು ಪ್ರಿಯವಾದ ಪ್ರಸಂಗ. ಒಂದು ಇಂದ್ರಿಯದ ವಿಷಯ ಮತ್ತೊಂದು ಇಂದ್ರಿಯದಲ್ಲಿ ಫಲಿಸುವುದು ಅವನ ದೃಷ್ಟಿಯಲ್ಲಿ ದೋಷವಲ್ಲ. ಒಳಗಿರುವ ಒಡೆಯನ ಗುರುತು.

ಪ್ರಕೃತಿಯಲ್ಲಿ ನಮ್ಮ ಕಲ್ಪನೆಗೆ ಹತ್ತಿರವಾದ ಜೀವಿಗಳಿಲ್ಲದೆ ಇಲ್ಲ. ನೊಣ ತನ್ನ ಪಾದಗಳಿಂದ ರುಚಿ ನೋಡುತ್ತದೆ. ಹೆಣ್ಣು ಚಿಟ್ಟೆ ಮೊಟ್ಟೆಯಿಡುವ ಮೊದಲು ಎಲೆಯನ್ನು ಮುಂಗಾಲಿನಿಂದ ಬಡಿದು, ಮರಿಹುಳುವಿಗೆ ಅದು ಆಹಾರವಾದೀತೆ ಎಂಬುದನ್ನು ತಿಳಿಯುತ್ತದೆ. ಮೀಸೆಯುಳ್ಳ ಕೆಲವು ಮೀನುಗಳಿಗೆ ಮೈತುಂಬ ರುಚಿಮೊಗ್ಗುಗಳಿವೆ. ಆಕ್ಟೋಪಸ್ಸಿನ ತೋಳಿನ ಹೀರುಬಟ್ಟಲುಗಳು ಮುಟ್ಟುತ್ತಲೇ ಸವಿಯುವುವೆಂಬುದನ್ನು 2020ರಲ್ಲಿ ಪ್ರಕಟವಾದ ಸಂಶೋಧನೆ ವಿವರಿಸಿತು. ಇವುಗಳಲ್ಲಿ ನಾಲಗೆ ಸ್ಥಾನ ಬದಲಿಸಿದೆ, ಅಷ್ಟೆ, ಸವಿಯುವುದು ದ್ರವ್ಯವನ್ನೇ. ಶುದ್ಧಸ್ಪರ್ಶವನ್ನು ರುಚಿಯಾಗಿಸುವ ಇಂದ್ರಿಯ ಇವುಗಳಲ್ಲಿ ಯಾವುದಕ್ಕೂ ಇಲ್ಲ.

ಅದು ಇರುವುದು ನಮ್ಮಲ್ಲಿಯೇ. ಮಲೆನಾಡಿನ ಮನೆಗಳಲ್ಲಿ ಉಪ್ಪಿನಕಾಯಿಗೆಂದು ಸೂಜಿಮೆಣಸನ್ನು ಹೆಚ್ಚಿದವರ ಕೈಯನ್ನು ನೋಡಬೇಕು. ಮೊದಲು ಏನೂ ಅನಿಸುವುದಿಲ್ಲ. ಗಳಿಗೆ ಕಳೆದ ಮೇಲೆ ಉಗುರಿನ ಸಂದಿನಲ್ಲಿ, ಬೆರಳ ನಡುವೆ, ಚರ್ಮ ತೆಳುವಾದೆಡೆಯಲ್ಲೆಲ್ಲ ಉರಿ ಏಳುತ್ತದೆ. ತಣ್ಣೀರಿಗೆ ಅದು ಬಗ್ಗುವುದಿಲ್ಲ. ಕೊಬ್ಬರಿ ಎಣ್ಣೆಯನ್ನೋ ಮಜ್ಜಿಗೆಯನ್ನೋ ಸವರಿಕೊಂಡು ಕೈಯನ್ನು ಗಾಳಿಗೆ ಹಿಡಿದು ಕೂತು, ಮೆಣಸಿನ ವಂಶಕ್ಕೇ ಶಾಪ ಹಾಕಬೇಕಾಗುತ್ತದೆ. ಅದೇ ಮೆಣಸು ನಾಲಗೆಗೆ ಬಿದ್ದಾಗ ಆಗುವುದೂ ಅದೇ ಉರಿ. ಮೆಣಸಿನಲ್ಲಿರುವ ಕ್ಯಾಪ್ಸೈಸಿನ್ ಎಂಬ ದ್ರವ್ಯವು ರುಚಿಮೊಗ್ಗುಗಳನ್ನು ಕೇಳುವುದೇ ಇಲ್ಲ. ನೋವು ಮತ್ತು ಶಾಖಗಳನ್ನು ತಿಳಿಸುವ ನರಗಳ ತುದಿಯಲ್ಲಿರುವ ಒಂದು ಬಾಗಿಲನ್ನು ತೆರೆಯುತ್ತದೆ. ಡೇವಿಡ್ ಜೂಲಿಯಸ್ ಮತ್ತು ಅವರ ಸಹೋದ್ಯೋಗಿಗಳು 1997ರಲ್ಲಿ ಗುರುತಿಸಿದ ಈ ಬಾಗಿಲು ಸುಮಾರು 43 ಡಿಗ್ರಿ ಸೆಲ್ಸಿಯಸ್ಸಿಗೆ ಮೀರಿದ ಶಾಖಕ್ಕೂ ತೆರೆಯುವಂಥದು. ಸ್ಪರ್ಶ ಮತ್ತು ಶಾಖಗಳ ಗ್ರಹಣವನ್ನು ಕುರಿತ ಶೋಧನೆಗಾಗಿ ಅವರಿಗೂ ಆರ್ಡೆಮ್ ಪಟಪೂಟಿಯನ್ ಅವರಿಗೂ 2021ರ ನೊಬೆಲ್ ಪಾರಿತೋಷಕ ಸಂದಿತು. ಎಂದರೆ ಖಾರವು ಶರೀರಶಾಸ್ತ್ರದ ಲೆಕ್ಕದಲ್ಲಿ ರುಚಿಯಲ್ಲ, ಸ್ಪರ್ಶ; ನಿಷ್ಠುರವಾಗಿ ಹೇಳುವುದಾದರೆ ನೋವು. ಒಗರಿನ ಸಂಗತಿಯೂ ಬಹುಮಟ್ಟಿಗೆ ಹೀಗೆಯೇ. ಬೆಟ್ಟದ ನೆಲ್ಲಿಕಾಯನ್ನೋ ಹಸಿ ಅಡಿಕೆಯ ಹೋಳನ್ನೋ ಅಗಿದಾಗ ಅದರಲ್ಲಿನ ಟ್ಯಾನಿನ್ನು ಜೊಲ್ಲಿನಲ್ಲಿರುವ ಪ್ರೋಟೀನುಗಳನ್ನು ಹಿಡಿದು ಕಟ್ಟುತ್ತದೆ. ಬಾಯಿಯ ಜಾರು ಹೋಗುತ್ತದೆ. ನಾಲಗೆಯೂ ಕೆನ್ನೆಯ ಒಳಮೈಯೂ ಒಂದಕ್ಕೊಂದು ತಡೆದು ಉಜ್ಜುತ್ತವೆ. ಆ ತಡೆತವನ್ನು, ಆ ಬಿಗಿತವನ್ನು ನಾವು ರುಚಿಯೆಂದು ಉಣ್ಣುತ್ತೇವೆ. ಚರಕನೂ ಅನ್ನಂಭಟ್ಟನೂ ಎಣಿಸಿದ ಆರು ರಸಗಳಲ್ಲಿ ಎರಡು ಹೀಗೆ ವೇಷ ಮರೆಸಿಕೊಂಡ ಸ್ಪರ್ಶಗಳು.

ಇಲ್ಲಿ ವಿಚಾರ ಬಿಗಿಯಾಗುತ್ತದೆ. ಅಂಗೈಯಲ್ಲಿಯೂ ನಾಲಗೆಯಲ್ಲಿಯೂ ದ್ರವ್ಯ ಒಂದೇ, ತೆರೆದ ಬಾಗಿಲು ಒಂದೇ ಜಾತಿಯದು. ಆದರೂ ಕೈಗೆ ಅದು ಉರಿ, ಬಾಯಿಗೆ ಅದು ಖಾರ. ಇಂದ್ರಿಯಾನುಭವದ ಜಾತಿಯನ್ನು ನಿರ್ಣಯಿಸುವುದು ವಸ್ತುವಲ್ಲ, ನರ ಎಂದು ಹತ್ತೊಂಬತ್ತನೆಯ ಶತಮಾನದ ಜರ್ಮನ್ ಶರೀರಶಾಸ್ತ್ರಜ್ಞ ಯೊಹಾನೆಸ್ ಮ್ಯೂಲರನು ಸಾರಿದ್ದನು. ಮುಚ್ಚಿದ ಕಣ್ಣನ್ನು ಬೆರಳಿಂದ ಒತ್ತಿದರೂ ಬೆಳಕಿನ ಕಲೆಗಳೇ ಕಾಣುವುವೆಂಬುದು ಅಂಥ ವಾದಕ್ಕೆ ದೃಷ್ಟಾಂತ. ಆದರೆ ಮೆಣಸಿನ ವಿಷಯದಲ್ಲಿ ನರವೂ ನಮಗೆ ಪೂರ್ತಿ ಉತ್ತರ ಕೊಡುವುದಿಲ್ಲ. ಮೂರನ್ನು ಆರಾಗಿಸಿದವರು ಯಾರೆಂಬ ತಾರ್ಕಿಕನ ಪ್ರಶ್ನೆಗೆ ಉತ್ತರವನ್ನು ಊಟದ ಎಲೆಯ ಮುಂದೆ ಕುಳಿತ ಮಗುವಿನಲ್ಲಿ ಹುಡುಕಬೇಕು. ಮೊದಲ ಸಲ ಹುಳಿಯನ್ನವನ್ನು ಬಾಯಿಗಿಟ್ಟ ಮಗುವಿಗೆ ಖಾರವೆಂಬ ರುಚಿಯೇ ಇಲ್ಲ, ಇರುವುದು ಉರಿ. ಕಣ್ಣು ತುಂಬುತ್ತದೆ, ನಾಲಗೆ ಹೊರಬರುತ್ತದೆ, ತಾಯಿ ಬೆಲ್ಲದ ಚೂರಿಡುತ್ತಾಳೆ. ವರ್ಷಗಳು ಕಳೆದು ಅದೇ ಮಗು ಬೆಳೆದು, ಸಪ್ಪೆಯ ಸಾರನ್ನು ಕಂಡು ಮುಖ ಸಿಂಡರಿಸುತ್ತದೆ. ಆ ನಡುವೆ ಅದರ ನಾಲಗೆಯಲ್ಲಿ ಹೊಸ ಇಂದ್ರಿಯವೇನೂ ಮೊಳೆಯಲಿಲ್ಲ, ಉರಿಯೂ ಹೋಗಲಿಲ್ಲ, ಉರಿಗೆ ಇಷ್ಟವೊಂದು ಬಂದು ಅಂಟಿಕೊಂಡಿತು. ಹಸಿಮೆಣಸಿನಕಾಯಿ ಅಮೆರಿಕದಿಂದ ಪೋರ್ಚುಗೀಸರ ಹಡಗುಗಳ ಮೂಲಕ ನಮ್ಮ ಕರಾವಳಿಗೆ ಬಂದು ಐದು ಶತಮಾನಗಳಾಗಿವೆ, ಹೆಚ್ಚೇನಲ್ಲ. ಅದಕ್ಕೆ ಹಿಂದೆ ನಮ್ಮವರು ಕರಿಮೆಣಸಿನಿಂದ ಇದೇ ಪಾಠವನ್ನು ಮೆಲ್ಲಗೆ ಕಲಿಯುತ್ತಿದ್ದರು. ಸ್ಪರ್ಶವನ್ನು ರುಚಿಯಾಗಿಸುವ ಇಂದ್ರಿಯವೆಂದರೆ, ನಾನು ಕಂಡ ಮಟ್ಟಿಗೆ, ರೂಢಿಯಿಂದ ಬೆಳೆದ ಮನಸ್ಸು.

ಪ್ರಾಚೀನರು ಇದನ್ನು ಅರಿಯದವರಲ್ಲ. ಬೌದ್ಧರ ಪ್ರತೀತ್ಯಸಮುತ್ಪಾದದ ಹನ್ನೆರಡು ಕೊಂಡಿಗಳಲ್ಲಿ ಆರನೆಯದು ಸ್ಪರ್ಶ, ಏಳನೆಯದು ವೇದನೆ, ಎಂಟನೆಯದು ತೃಷ್ಣೆ. ಸೋಂಕಿನಿಂದ ಸುಖದುಃಖದ ಅನುಭವ, ಅನುಭವದಿಂದ ಬಾಯಾರಿಕೆ. ಗೀತೆಯೂ ಇಂದ್ರಿಯಸುಖಗಳನ್ನೆಲ್ಲ ಒಟ್ಟಾರೆ ಸ್ಪರ್ಶದಿಂದ ಹುಟ್ಟಿದ ಭೋಗಗಳೆಂದು ಕರೆದು, ಅವುಗಳನ್ನು ದುಃಖದ ಬಸಿರೆಂದು ತೀರ್ಮಾನಿಸುತ್ತದೆ. ಅದಕ್ಕೆ ಮುಂಚೆ, ನಿರಾಹಾರನಾದವನಿಂದ ವಿಷಯಗಳು ತೊಲಗಿದರೂ ಅವುಗಳ ಸವಿ ಮಾತ್ರ ಒಳಗೆ ಉಳಿದಿರುವುದೆಂಬ ಸೂಕ್ಷ್ಮವನ್ನೂ ಹೇಳಿರುತ್ತದೆ. ಮೊದಲಲ್ಲಿ ಸ್ಪರ್ಶ, ಕೊನೆಯಲ್ಲಿ ಹೋಗದೆ ಉಳಿಯುವುದು ರಸ. ಉಪವಾಸದ ಏಕಾದಶಿಯಂದು ದ್ವಾದಶಿಯ ಪಾರಣೆಯ ಪದಾರ್ಥಗಳನ್ನು ಮನಸ್ಸಿನಲ್ಲಿಯೇ ಬಡಿಸಿಕೊಂಡವರಿಗೆ ಇದರ ಭಾಷ್ಯ ಬೇಕಾಗಿಲ್ಲ. ಬೌದ್ಧ ಭಿಕ್ಷುವೂ ಜೈನ ಮುನಿಯೂ ಗೀತೆಯ ಸ್ಥಿತಪ್ರಜ್ಞನೂ ತಮ್ಮ ತಮ್ಮ ಬಗೆಯಲ್ಲಿ ಈ ಆರನೆಯ ಇಂದ್ರಿಯವನ್ನು ನಿಷ್ಕ್ರಿಯಗೊಳಿಸಲು ಹೊರಟವರು: ಮುಟ್ಟಿದ್ದು ಮುಟ್ಟಿದ್ದಾಗಿಯೇ ನಿಲ್ಲಲಿ, ರುಚಿಯಾಗದಿರಲಿ. ಇದರ ಗಾಂಭೀರ್ಯವನ್ನು ನಾನು ಅಲ್ಲಗಳೆಯಲಾರೆ. ಆದರೂ ಉಣ್ಣುವವರ ಲೋಕಕ್ಕೆ ಇದರಲ್ಲಿ ಸ್ಥಳವೆಲ್ಲಿ ಎಂಬ ಸಂದೇಹ ನನ್ನನ್ನು ಬಿಟ್ಟಿಲ್ಲ. ಶ್ರಾವಕನು ಒಲೆ ಹಚ್ಚದಿದ್ದರೆ ಮುನಿಯ ಬೊಗಸೆಗೆ ತುತ್ತೂ ಇಲ್ಲವಷ್ಟೆ.

ಹನ್ನೆರಡನೆಯ ಶತಮಾನದ ಕಲ್ಯಾಣದ ಶರಣರು ಬೇರೊಂದು ಹಾದಿ ಹಿಡಿದರು. ಚೆನ್ನಬಸವಣ್ಣನವರು ಮುಖ್ಯವಾಗಿ ಬೆಳೆಸಿದ ಷಟ್‌ಸ್ಥಲದ ವಿಚಾರದಲ್ಲಿ ಒಂದೊಂದು ಇಂದ್ರಿಯಕ್ಕೂ ಒಂದೊಂದು ಲಿಂಗವುಂಟು: ಘ್ರಾಣಕ್ಕೆ ಆಚಾರಲಿಂಗ, ಜಿಹ್ವೆಗೆ ಗುರುಲಿಂಗ, ನೇತ್ರಕ್ಕೆ ಶಿವಲಿಂಗ, ತ್ವಕ್ಕಿಗೆ ಜಂಗಮಲಿಂಗ, ಶ್ರೋತ್ರಕ್ಕೆ ಪ್ರಸಾದಲಿಂಗ, ಹೃದಯಕ್ಕೆ ಮಹಾಲಿಂಗ. ಮುಟ್ಟಿದ್ದಾಗಲಿ ಮೂಸಿದ್ದಾಗಲಿ ನೇರವಾಗಿ ಭೋಗವಾಗಲಾಗದು. ಆಯಾ ಲಿಂಗಕ್ಕೆ ಅರ್ಪಿತವಾಗಿ, ಅಲ್ಲಿಂದ ಪ್ರಸಾದವಾಗಿ ಹಿಂತಿರುಗಬೇಕು. ಇಷ್ಟಲಿಂಗಕ್ಕೆ ರೂಪು, ಪ್ರಾಣಲಿಂಗಕ್ಕೆ ರುಚಿ, ಭಾವಲಿಂಗಕ್ಕೆ ತೃಪ್ತಿ ಎಂಬ ಹಂಚಿಕೆಯೂ ಇದೇ ಮನೋಧರ್ಮದ್ದು. ವೈಶಾಖದ ಬಿಸಿಲಲ್ಲಿ ಬೀಸಿದ ತಂಗಾಳಿಯ ಸೋಂಕು ಕೂಡ ಇಲ್ಲಿ ಉಣಿಸೇ, ಮೈಯೆಲ್ಲ ಬಾಯಿ. ನಾವು ವಿನೋದಕ್ಕೆ ಅಂಗೈಯಲ್ಲಿ ಕಲ್ಪಿಸಿಕೊಂಡ ಇಂದ್ರಿಯವನ್ನು ಶರಣನು ಸಾಧನೆಯಾಗಿ ದೇಹದ ತುಂಬ ಹರಡಿಕೊಂಡಿದ್ದಾನೆ. ಭಿಕ್ಷುವಿಗೂ ಶರಣನಿಗೂ ಇರುವ ಅಂತರ ಒಂದು ಕ್ಷಣದ್ದು. ಸೋಂಕಿಗೂ ಸವಿಗೂ ನಡುವಣ ಆ ಕ್ಷಣವನ್ನು ಒಬ್ಬನು ಬೀಗ ಹಾಕಿ ಕಾಯುತ್ತಾನೆ. ಇನ್ನೊಬ್ಬನು ಆ ಎಡೆಯಲ್ಲಿ ಲಿಂಗವನ್ನು ಇಡುತ್ತಾನೆ. ಅಂಥ ಕ್ಷಣವೇ ಇಲ್ಲ, ಸೋಂಕಿದೊಡನೆ ಸವಿ ಉಂಟಾಗಿಯೇ ಬಿಟ್ಟಿರುತ್ತದೆಂದು ಯಾರಾದರೂ ಆಕ್ಷೇಪಿಸಿದರೆ, ಖಾರ ಕಲಿಯುವ ಮಗುವಿನಲ್ಲಿ ಅದೇ ಎಡೆಯು ವರ್ಷಗಟ್ಟಲೆ ಚಾಚಿಕೊಂಡು ಬರಿಗಣ್ಣಿಗೆ ಕಾಣುತ್ತದೆಂದು ಉತ್ತರಿಸಬಹುದು. ಕಲಿತದ್ದನ್ನು ಬೇರೆ ಬಗೆಯಲ್ಲಿ ಕಲಿಯಲೂ ಬರುತ್ತದೆ.

ತ್ವಕ್ಕಿಗೆ ಜಂಗಮಲಿಂಗವೇ ಏಕೆ ಬಂದಿತೆಂಬುದು ನನ್ನನ್ನು ಬಹುಕಾಲ ಕಾಡಿದ ವಿಷಯ. ವಾಯುವಿಗೆ ಚಲನೆ ಸಹಜ, ಜಂಗಮಕ್ಕೂ ಸಹಜ ಎಂಬ ಸಮಾಧಾನ ಸಲ್ಲುವಂಥದೇ. ಆದರೆ ಶರಣರ ನಿತ್ಯವ್ಯವಹಾರದಲ್ಲಿ ಜಂಗಮವೆಂದರೆ ಬಾಗಿಲಿಗೆ ನಡೆದುಬಂದ ಮನುಷ್ಯ. ಕುಲ ಕೇಳದೆ ಕಾಲು ತೊಳೆಯಬೇಕಾದವನು, ಉಣ್ಣಿಸಬೇಕಾದವನು, ಅವನ ಪ್ರಸಾದವನ್ನು ಎಂಜಲೆನ್ನದೆ ಸ್ವೀಕರಿಸಬೇಕಾದಂಥವನು. ಚರ್ಮಕ್ಕೆ ಅಧಿದೈವವಾಗಿ ನಿಂತಿರುವುದು ಹೀಗೆ ನಡೆದುಬಂದ ಇನ್ನೊಬ್ಬನ ಮೈ. ಇದನ್ನು ಶಾಸ್ತ್ರಕಾರರು ಉದ್ದೇಶಿಸಿದರೋ ಇಲ್ಲವೋ, ಅಸ್ಪೃಶ್ಯತೆಯೆಂಬ ಪಿಡುಗಿದ್ದ ನಾಡಿನಲ್ಲಿ ಇದರ ಅರ್ಥ ಒಂದೇ ಆಗಲು ಸಾಧ್ಯ.

ತಾರ್ಕಿಕನ ಪ್ರಶ್ನೆ ಇಲ್ಲಿ ತನ್ನ ನಿಜವಾದ ವಿಷಯಕ್ಕೆ ಬಂದು ಮುಟ್ಟುತ್ತದೆ. ಒಂದು ಕುಲದವನ ಕೈ ಸೋಕಿದರೆ ಮತ್ತೊಂದು ಕುಲದವನಿಗೆ ಹೇಸಿಗೆಯಾಗುತ್ತಿತ್ತು. ಬಾಯಲ್ಲಿ ನೀರೂರಿ ಉಗುಳುವಷ್ಟು, ಮಿಂದಲ್ಲದೆ ಹೋಗದಷ್ಟು ದೇಹಗತವಾದ ಹೇಸಿಗೆ. ತರ್ಕಸಂಗ್ರಹವನ್ನು ಕಂಠಪಾಠ ಮಾಡಿದ ಪಂಡಿತನಿಗೂ ಅದು ಆಗುತ್ತಿತ್ತು. ಶೀತ, ಉಷ್ಣ, ಎರಡೂ ಅಲ್ಲದ್ದು ಎಂದು ಮೂರೇ ಸ್ಪರ್ಶಗಳನ್ನು ಒಪ್ಪಿದವನು, ಕುಲವೆಂಬ ನಾಲ್ಕನೆಯ ಸ್ಪರ್ಶವು ಯಾವ ಭೂತದ ಗುಣವೆಂದು ತನ್ನನ್ನು ತಾನೇ ಕೇಳಿಕೊಳ್ಳದೆ ಸ್ನಾನಕ್ಕೆ ಹೋಗುತ್ತಿದ್ದನು. ಮುಟ್ಟಿದ್ದನ್ನು ಕೆಟ್ಟ ರುಚಿಯಾಗಿ ಮಾರ್ಪಡಿಸುವ ಇಂದ್ರಿಯ ಅವನ ಚರ್ಮದಲ್ಲಿ ಹೊಲಿದಿಟ್ಟಿತ್ತು. ಹುಟ್ಟುತ್ತಲೇ ಬಂದುದಲ್ಲ, ಅಜ್ಜಿಯ ಗದರಿಕೆಯಿಂದಲೂ ತಾಯಿಯ ತಣ್ಣೀರಿನಿಂದಲೂ ಖಾರದ ಪಾಠದಷ್ಟೇ ನಿಧಾನವಾಗಿ, ಅಷ್ಟೇ ಖಚಿತವಾಗಿ ಬೆಳೆಸಿದ್ದು. 1950ರಲ್ಲಿ ಜಾರಿಗೆ ಬಂದ ಸಂವಿಧಾನವು ತನ್ನ 17ನೆಯ ಅನುಚ್ಛೇದದಲ್ಲಿ ಅಸ್ಪೃಶ್ಯತೆಯನ್ನು ರದ್ದುಪಡಿಸಿ ಅದರ ಆಚರಣೆಯನ್ನು ದಂಡಾರ್ಹವೆಂದು ಸಾರಿತು. ಬಾವಿಯನ್ನೂ ಗುಡಿಯ ಬಾಗಿಲನ್ನೂ ಕಾನೂನು ತೆರೆಸಬಲ್ಲುದು. ನಾಲಗೆಯ ಮೇಲಣ ಆ ಕಹಿಯನ್ನು ಒರೆಸುವುದು ಅದರ ಕೈಗೆ ಎಟಕುವ ಕೆಲಸವಲ್ಲ.

ಕಲ್ಯಾಣದ ಐತಿಹ್ಯದಲ್ಲಿ ಸಮಗಾರ ಹರಳಯ್ಯನೂ ಅವನ ಮಡದಿಯೂ ತಮ್ಮ ತೊಡೆಯ ಚರ್ಮವನ್ನೇ ತೆಗೆದು ಬಸವಣ್ಣನವರಿಗೆ ಪಾದರಕ್ಷೆಗಳನ್ನು ಮಾಡಿ ತಂದರೆಂದೂ, ಬಸವಣ್ಣನವರು ಅವುಗಳನ್ನು ಮೆಟ್ಟಲೊಲ್ಲದೆ ತಲೆಯ ಮೇಲೆ ಹೊತ್ತರೆಂದೂ ಹೇಳುತ್ತಾರೆ. ಸ್ಪರ್ಶೇಂದ್ರಿಯವನ್ನೇ ಹದ ಮಾಡಿ ಕಾಣಿಕೆ ತಂದ ಕಥೆ ಇದು. ಬಸವಣ್ಣನವರು ಮಂತ್ರಿಯಾಗಿದ್ದ ಆ ರಾಜಧಾನಿಯಲ್ಲಿ ಲಿಂಗಾರ್ಪಣದ ಮಾತುಗಳನ್ನು ಅರಸನೂ ಆಸ್ಥಾನದವರೂ ಕೇಳುತ್ತಲೇ ಇದ್ದಿರಬೇಕು. ಐತಿಹ್ಯದಲ್ಲಿ ಆ ಅರಸನಾದ ಬಿಜ್ಜಳನ ಸಹನೆ ಮುರಿದದ್ದು, ಬ್ರಾಹ್ಮಣಮೂಲದ ಮಧುವರಸನ ಮಗಳಿಗೂ ಈ ಹರಳಯ್ಯನ ಮಗನಿಗೂ ವಿವಾಹವಾಯಿತೆಂಬ ವಾರ್ತೆ ಬಂದಾಗ. ಬೀಗರಿಬ್ಬರಿಗೂ ಕಟ್ಟಿ ಎಳೆದು ಕೊಲ್ಲುವ ಎಳೆಹೂಟೆಯ ಶಿಕ್ಷೆಯಾಯಿತು. ಇಂದ್ರಿಯಕ್ಕೊಂದು ಲಿಂಗವೆಂಬ ಸಿದ್ಧಾಂತವನ್ನು ಕೇಳಿಸಿಕೊಂಡಿದ್ದವರಿಗೆ ಸಹಿಸಲಾಗದೆ ಹೋದದ್ದು ಒಂದು ಪಾಣಿಗ್ರಹಣ.